ಲಕ್ಷ್ಮೇಶ್ವರದಲ್ಲಿ ಅವರೆಕಾಳಿನ ಬೆಣ್ಣೆ

ಮುಂಡರಗಿ ಬಸ್ಸು ತಪ್ಪಿದ್ದರಿಂದ ಲಕ್ಷ್ಮೇಶ್ವರದ ಗೆಳತಿ ಗಿರಿಜಾಳ ಮನೆಗೆ ಹೋದೆ. ಹಲ್ಲೆಲ್ಲ ಕೀಳಿಸಿಕೊಂಡಿದ್ದ ಅವಳ ತಾಯಿ, ಗಂಜಿ ಕುಡಿದು ಬೇಸತ್ತು ಊಟವನ್ನೇ ಬಿಟ್ಟಿದ್ದರು. ಗಿರಿಜಾ ಬಿಳಿ ಅವರೆಕಾಳು ಬೇಯಿಸಿದ್ದಳು. ನಾನು ಸಿಪ್ಪೆ ಸುಲಿದುಕೊಟ್ಟೆ. ಅವಳು ಬೆಳ್ಳುಳ್ಳಿ, ಬಿಳಿ ಎಳ್ಳು, ಉಪ್ಪು ಸೇರಿಸಿ ಕಲ್ಲಿನಲ್ಲಿ ನುಣ್ಣಗೆ ರುಬ್ಬಿ ನಿಂಬೆ ಹಿಂಡಿದಳು. ಹನಿ ಹಾಲೂ ಇಲ್ಲದೆ ಅದು ಬೆಣ್ಣೆಯಂತಾದದ್ದು ಕಂಡು ಬೆರಗಾದೆ.

“ಗ್ವಾಡಿಗೆ ಬಳಿಯೋ ಸುಣ್ಣ ಇದ್ದಂಗ ಐತಲ್ಲ!” ಎಂದರು ತಾಯಿ.

“ಯವ್ವಾ, ಒಮ್ಮಿ ನೆಕ್ಕಿ ನೋಡು,” ಎಂದಳು ಗಿರಿಜಾ.

ನೆಕ್ಕಿದರು. ಕಣ್ಣು ಅರಳಿತು. “ಜಲ್ದಿ ಮೆತ್ತನ್ನ ರೊಟ್ಟಿ ತಾ!”

ಒಂದು ರೊಟ್ಟಿ ಮುಗಿಯಿತು, ಇನ್ನೊಂದೂ ಮುಗಿಯಿತು. ಗಿರಿಜಾ ನಗುತ್ತಲೇ ಕಣ್ಣೊರೆಸಿಕೊಂಡಳು. ರುಚಿ ನೋಡಲು ನಾನು ಕೈ ಚಾಚಿದರೆ, ತಾಯಿ ಬಟ್ಟಲನ್ನು ತಮ್ಮತ್ತ ಎಳೆದುಕೊಂಡರು.

“ನಿಮಗ ಬೇಕಂದ್ರ ಮತ್ತ ಮಾಡ್ಕೋರಿ.”