ಉಪಗ್ರಹಕ್ಕೆ ತುಂಬಿದ ಉಡಿ

ನಮ್ಮ ಕಾಲೇಜಿನ ಉಪಗ್ರಹಕ್ಕೆ ನನ್ನ ಅವ್ವ ಉಡಿ ತುಂಬಿದ್ದಳು. ಇದನ್ನು ಹೇಳಿದರೆ ಎಲ್ಲರೂ ನಗುತ್ತಾರೆ, ಈಗ ನಾನೂ ನಗುತ್ತೇನೆ. ಆ ದಿನ ಮಾತ್ರ ಮೈಯೆಲ್ಲ ಉರಿದುಹೋಗಿತ್ತು.

ನಾನು ಹಾವೇರಿಯ ಕಾಲೇಜೊಂದರಲ್ಲಿ ಭೌತಶಾಸ್ತ್ರ ಕಲಿಸುವವಳು. ಕೆಲವು ವರ್ಷಗಳ ಹಿಂದೆ ವಿದ್ಯಾರ್ಥಿಗಳೊಂದಿಗೆ ಸೇರಿ ಬ್ರೆಡ್ಡಿನ ಪೊಟ್ಟಣದಷ್ಟು ದೊಡ್ಡ ಉಪಗ್ರಹವೊಂದನ್ನು ಮಾಡಲು ಹೊರಟೆ. ಅದರ ಹೊಟ್ಟೆಯಲ್ಲಿ ಕನ್ನಡಿಯಂತೆ ಹೊಳೆಯುವ ತೆಳುಹಾಳೆಯ ಹಾಯಿ. ಮೇಲೆ ಹೋದ ಮೇಲೆ ನಾಲ್ಕು ಉಕ್ಕಿನ ತೋಳುಗಳು ಹೊರಚಾಚಿ ಆ ಹಾಯಿಯನ್ನು ಬಿಚ್ಚಬೇಕು, ಬಿಸಿಲು ಬಡಿದು ಅದನ್ನು ತಳ್ಳಬೇಕು. ಎಣ್ಣೆ ಇಲ್ಲ, ಬೆಂಕಿ ಇಲ್ಲ, ಬರೀ ಬೆಳಕು. ತೋಳುಗಳಿಗೆ ರಾಣೆಬೆನ್ನೂರಿನ ಹಾರ್ಡ್‌ವೇರ್ ಅಂಗಡಿಯಲ್ಲಿ ಅಳತೆ ಟೇಪುಗಳನ್ನು ಕೊಂಡಿದ್ದೆವು. "ಮನಿ ಕಟ್ಟಸಾಕತ್ತೀರೇನ್ರಿ ಅಕ್ಕಾರ?" ಎಂದು ಅಂಗಡಿಯವರು ಕೇಳಿದರೆ ಹೌದೆಂದು ತಲೆಯಾಡಿಸಿ ಬಂದಿದ್ದೆ. ಬೆಂಗಳೂರಿನ ಸಮಿತಿಯೊಂದು ಬಂದು ಹಾಯಿ ಬಿಚ್ಚುವುದನ್ನು ನೋಡಲಿತ್ತು. ಅವರು ಒಪ್ಪಿದರೆ ನಮ್ಮದಕ್ಕೆ ರಾಕೆಟ್ಟಿನಲ್ಲಿ ಜಾಗ.

ಹಾಯಿ ಮಡಚಲು ಕಾಲೇಜಿನ ಮೇಜುಗಳು ಸಾಲಲಿಲ್ಲ. ಬ್ಯಾಡಗಿಯ ನಮ್ಮ ಮನೆಯ ಪಡಸಾಲೆ ದೊಡ್ಡದು. ಮೆಣಸಿನಕಾಯಿ ಸುಗ್ಗಿ ಮುಗಿದು, ಘಾಟಿಗೆ ಊರೆಲ್ಲ ಸೀನುವುದೂ ನಿಂತಿತ್ತು. ಸಮಿತಿಯವರು ಬರುವ ಹಿಂದಿನ ದಿನ ವಿದ್ಯಾರ್ಥಿನಿಯರನ್ನು ಕರೆದುಕೊಂಡು ಹೋಗಿ ಅಲ್ಲೇ ಕೂತು ಮಡಚಿದೆವು. ಅವ್ವ ಬಾಗಿಲಿಗೆ ಒರಗಿ ನೋಡುತ್ತಿದ್ದಳು.

"ಬಿಸಲು ತಳ್ಳತೈತೇನ? ಹಂಗಿದ್ರ ಮಾಳಗಿ ಮ್ಯಾಲ ಒಣಗಾಕ ಹಾಕಿದ್ದ ಮೆಣಸಿನಕಾಯೆಲ್ಲಾ ಕಾಗಿನೆಲಿಗೆ ಹೋಗಿ ಬೀಳಬೇಕಾಗಿತ್ತು!"

"ಇಲ್ಲಿ ಗಾಳಿ ಐತಿ, ನೆಲ ಐತಿ, ತಡೀತಾವು. ಅಲ್ಲಿ ತಡಿಯಾಕ ಏನೂ ಇಲ್ಲವ್ವ. ಒಂಚೂರು ತಳ್ಳಿದ್ರೂ ಅದು ಕೂಡಕೋಂತ ಹೋಗತೈತಿ."

"ತಿರುಗಿ ಯಾವಾಗ ಬರ್ತಾಳ?"

ಉಪಗ್ರಹ ಅವ್ವನಿಗೆ ಯಾವಾಗ ಹೆಣ್ಣಾಯಿತೋ ಗೊತ್ತಿಲ್ಲ. ಬರುವುದಿಲ್ಲ ಎಂದೆ. ಅವಳು ಹತ್ತಿರ ಬಂದು ಹಾಯಿಯ ಅಂಚು ಮುಟ್ಟಿ, "ಹಂಗಾದ್ರ ಬರೀ ಉಡೀಲೆ ಕಳಸ್ತೀರೇನ?" ಅಂದಳು. ನಾವೆಲ್ಲ ನಕ್ಕೆವು.

ನಮ್ಮ ಕಡೆ ಹೆಣ್ಣುಮಗಳು ತವರಿನಿಂದ ಹೊರಟಾಗ ಸೆರಗಿನಲ್ಲಿ ಅಕ್ಕಿ, ಕೊಬ್ಬರಿ, ಅಡಿಕೆ ಹಾಕಿ ಉಡಿ ತುಂಬುತ್ತಾರೆ. ಅವಳು ಅದರಲ್ಲಿ ಒಂದು ಚಿಟಿಕೆ ಅಕ್ಕಿ ತೆಗೆದು ತವರಿಗೇ ಬಿಟ್ಟು ಹೋಗಬೇಕು. ತವರು ಬರಿದಾಗಬಾರದು ಎಂದು.

ಮಡಚಿದ ಹಾಯಿ ಆ ರಾತ್ರಿ ಅವ್ವನ ಪಡಸಾಲೆಯಲ್ಲೇ ಇತ್ತು. ಮರುದಿನ ಹಾವೇರಿಯಲ್ಲಿ ಸಮಿತಿಯವರ ಮುಂದೆ ಗುಂಡಿ ಒತ್ತಿದೆವು. ಎರಡು ತೋಳು ಚೆನ್ನಾಗಿ ಹೊರಬಂದವು. ಮೂರನೆಯದು ಅರ್ಧಕ್ಕೆ ಬಂದು ಕರ್ ಎಂದು ನಿಂತುಬಿಟ್ಟಿತು. ಹಾಯಿಯ ಮಡಿಕೆಯಿಂದ ಅಕ್ಕಿಕಾಳುಗಳು ಮೇಜಿನ ಮೇಲೆ ಉದುರಿದವು. ಹಿಂದೆಯೇ ಕುಂಕುಮ ಹಚ್ಚಿದ ಒಂದು ಅಡಿಕೆ ಉರುಳಿತು.

"ಇದೇನು ಮೇಡಂ?" ಎಂದರು ಸಮಿತಿಯ ಹಿರಿಯರು. ನನಗಿಂತ ಮೊದಲು ಕರ್ಜಗಿ ಊರಿನ ವಿದ್ಯಾರ್ಥಿನಿಯೊಬ್ಬಳು ಮೆಲ್ಲಗೆ ಹೇಳಿದಳು: "ಉಡಿ ಅಕ್ಕಿ ರೀ ಸರ್."

ಅವರು ನಗಲಿಲ್ಲ, ಬೈಯಲೂ ಇಲ್ಲ. ಈ ಸಲ ಆಗುವುದಿಲ್ಲ, ಮುಂದಿನ ವರ್ಷ ತೋರಿಸಿ ಎಂದು ಹೊರಟುಹೋದರು. ವಿದ್ಯಾರ್ಥಿಗಳ ಮುಖ ನೋಡಲಾಗಲಿಲ್ಲ ನನಗೆ.

ಸಂಜೆ ಬ್ಯಾಡಗಿಗೆ ಹೋಗಿ, ಕರ್ಚೀಫಿನಲ್ಲಿ ಕಟ್ಟಿಕೊಂಡಿದ್ದ ಅಕ್ಕಿಯನ್ನು ಅವ್ವನ ಮುಂದೆ ಬಿಚ್ಚಿ ಇಟ್ಟೆ. "ಏನ್ ಮಾಡಿಟ್ಟಿ ನೋಡು, ನಿಂತುಬಿಡ್ತು!" ಎಂದು ಕೂಗಾಡಿದೆ. ಅವಳು ಕಾಳುಗಳ ಮೇಲೆ ಕೈಯಾಡಿಸಿ ನಿಧಾನಕ್ಕೆ ಅಂದಳು: "ನಿಲ್ಲದ ಏನ್ ಮಾಡ್ಯಾಳು? ಚಿಟಿಕಿ ಅಕ್ಕಿ ಬಿಟ್ಟ ಹೋಗಲಿಲ್ಲ ಅಕಿ. ಅಕಿಗೇನ್ ಕೈ ಅದಾವ? ಮುಂದಿನ ಸರ್ತಿ ಅಕಿ ಪರವಾಗಿ ನೀನ ತಗದ ಕೊಡು."

ಇಂಥವಳ ಹತ್ತಿರ ಏನು ಜಗಳ ಆಡುವುದು? ಅವಳು ಬಡಿಸಿದ ರೊಟ್ಟಿ ತಿಂದು, ಸಿಟ್ಟಿನಲ್ಲೇ ಮಲಗಿದೆ.

ಮರುವರ್ಷ ಹಾಯಿ ನಾಲ್ಕೂ ಮೂಲೆಗೆ ಪೂರ್ತಿ ಬಿಚ್ಚಿಕೊಂಡಿತು. ಒಪ್ಪಿಗೆ ಸಿಕ್ಕಿತು. ಸುದ್ದಿ ಹೇಳೋಣವೆಂದರೆ ಅವ್ವ ಇರಲಿಲ್ಲ. ಆ ವರ್ಷದ ಸುಗ್ಗಿ ಶುರುವಾಗುವ ಮೊದಲೇ ಹೋಗಿಬಿಟ್ಟಿದ್ದಳು. ಎಲ್ಲರೂ ಕೈಕೈ ಹಿಡಿದು ಕುಣಿಯುತ್ತಿದ್ದರು, ನನಗೆ ಅಳು ತಡೆಯಲಾಗಲಿಲ್ಲ.

ಉಪಗ್ರಹವನ್ನು ಕಳಿಸುವ ದಿನ ಪೆಟ್ಟಿಗೆಗೆ ಮೊಹರು ಹಾಕಿಯಾದ ಮೇಲೆ, ಅದರ ಮುಂದೆ ಒಂದು ತಟ್ಟೆ ಇಟ್ಟು ನಾನೇ ಉಡಿ ತುಂಬಿದೆ. ಈ ಸಲ ಒಳಗೆ ಒಂದು ಕಾಳೂ ಹೋಗಲಿಲ್ಲ. ಅದರ ಪರವಾಗಿ ಚಿಟಿಕೆ ಅಕ್ಕಿ ತೆಗೆದು ಕರ್ಚೀಫಿನಲ್ಲಿ ಕಟ್ಟಿಕೊಂಡೆ.

ಈಗ ಅದು ಮೇಲಿದೆ. ಹಾಯಿ ಬಿಚ್ಚಿ ಬಿಸಿಲಿಗೆ ಒಡ್ಡಿಕೊಂಡು ದಿನಕ್ಕಿಷ್ಟು ಸರಿಯುತ್ತಿದೆ.

ಅದನ್ನು ಕಳಿಸಿದ ದಿನ ಸಂಜೆಯೇ ಬ್ಯಾಡಗಿಗೆ ಹೋಗಿ ಅಡುಗೆಮನೆಯಲ್ಲಿ ಅವ್ವನ ಅಕ್ಕಿ ಡಬ್ಬಿಯ ಮುಚ್ಚಳ ತೆಗೆದಿದ್ದೆ. ತಳದಲ್ಲಿ ಅವಳು ತುಂಬಿಸಿದ್ದ ಅಕ್ಕಿ ಇನ್ನೂ ಇತ್ತು. ಆ ಚಿಟಿಕೆಯನ್ನು ಅದಕ್ಕೆ ಹಾಕಿ, "ಬಿಟ್ಟ ಹೋಗ್ಯಾಳವ್ವ" ಎಂದೆ.