ಸಿಸಿಲಿ ಬಾಯಿ ಕೇಳಿದ ಹಿಮದ ಯುದ್ಧಗಳು

ಮೊನ್ನೆ ಮಂಜೇಶ್ವರದಲ್ಲಿ ಮೀನಿನಂಗಡಿಯವನು ಬಂಗುಡೆಯ ಪೆಟ್ಟಿಗೆಯ ಮುಚ್ಚಳ ತೆಗೆದದ್ದೇ, ಒಳಗಿನ ಐಸಿನ ತಣ್ಣನೆಯ ಹೊಗೆ ನನ್ನ ಮುಖಕ್ಕೆ ಹೊಡೆಯಿತು. ಬೇಸಿಗೆಯ ಸೆಕೆ; ಖುಷಿಪಡಬೇಕಾದವಳು ಕಣ್ಣು ತುಂಬಿಕೊಂಡು ನಿಂತೆ. ‘ಮೀನು ಫ್ರೆಶ್ ಉಂಟು ಅಕ್ಕ, ಅದಕ್ಕೆಲ್ಲ ಅಳುದು ಎಂತಕ್ಕೆ?’ ಎಂದನಾತ. ಹಿಮವೆಂದರೆ ನಿಮಗೆ ಏನು ನೆನಪಾಗುತ್ತದೋ, ನನಗಂತೂ ನನ್ನ ತವರು ಬಂದ್ಯೋಡಿನ ಒಂದು ಹೊಲಿಗೆ ಅಂಗಡಿ ನೆನಪಾಗುತ್ತದೆ.

ಅಂಗಡಿ ಸಿಸಿಲಿ ಬಾಯಿಯದು; ಕ್ರಿಸ್ತಿಯನ್ ಹೆಂಗಸರನ್ನು ನಮ್ಮಲ್ಲಿ ಬಾಯಿ ಎನ್ನುವುದು. ಮನೆಮಾತು ಕೊಂಕಣಿ, ನನ್ನೊಡನೆ ತುಳು, ಪುಸ್ತಕದ ವಿಷಯ ಬಂದರೆ ಮಾತ್ರ ಕನ್ನಡ. ಗಂಡ ಲಾರೆನ್ಸ್ ಸೈನ್ಯದಲ್ಲಿದ್ದವರು. ಉತ್ತರದ ಬೆಟ್ಟಗಳಲ್ಲಿ ಹಿಮ ಕುಸಿದು ಅದರಡಿಯಲ್ಲಿ ಹೋದರು. ದೇಹ ಸಿಗಲಿಲ್ಲ, ಅಲ್ಲೇ ಎಲ್ಲೋ ಇದೆಯೆಂದಷ್ಟೇ ಸೈನ್ಯದವರು ತಿಳಿಸಿದರು. ಊರಿಗೆ ಬಂದದ್ದು ಅವರ ಟ್ರಂಕು. ಅದರಲ್ಲಿ ಬಟ್ಟೆ, ಜಪಮಾಲೆ, ಒಂದು ದಪ್ಪ ಇಂಗ್ಲಿಷ್ ಪುಸ್ತಕ. ಯಾರೋ ಯುದ್ಧ ಇತಿಹಾಸಕಾರ ಮಹಾಯುದ್ಧದ ಚಳಿಗಾಲದ ಕದನಗಳ ಬಗ್ಗೆ ಬರೆದದ್ದು. ಇಗರ್ಜಿಯಲ್ಲಿ ಸತ್ತವರ ಆತ್ಮಶಾಂತಿಯ ಪೂಜೆ ಇಡಿಸೋಣವೆಂದು ಪಾದ್ರಿಗಳು ಎಷ್ಟು ಹೇಳಿದರೂ ಬಾಯಿ ಒಪ್ಪಿರಲಿಲ್ಲ. ‘ಕಣ್ಣಲ್ಲಿ ನೋಡ್ಲಿಲ್ಲ, ಹೇಗೆ ನಂಬುದು ಫಾದರ್?’ ಎನ್ನುತ್ತಿದ್ದಳು.

ನಾನಾಗ ಬಿ.ಎ. ಮುಗಿಸಿ ಕೆಲಸವಿಲ್ಲದೆ ಕೂತಿದ್ದೆ. ಬಾಯಿ ಒಂದು ಮಧ್ಯಾಹ್ನ ಕರೆದು ಪುಸ್ತಕ ಕೈಗಿಟ್ಟಳು. ‘ಇವರು ಹೋದ ಜಾಗ ನಾನು ನೋಡ್ಲಿಲ್ಲ. ಅಂಥ ಚಳಿ ಅಂದ್ರೆ ಎಂತ ಅಂತಾದ್ರೂ ಗೊತ್ತಾಗ್ಲಿ. ನೀನು ಓದಿ ಕನ್ನಡದಲ್ಲಿ ಹೇಳು ಮಾರಾಯ್ತಿ.’

ನನ್ನ ಇಂಗ್ಲಿಷಿನ ಯೋಗ್ಯತೆ ಮೊದಲ ಪುಟದಲ್ಲೇ ಬಯಲಾಯಿತು. ಎರಡು ಡಿವಿಷನ್ ಮುಂದೆ ಹೋಯಿತೆಂದು ಬರೆದಿತ್ತು. ನನಗೆ ಗೊತ್ತಿದ್ದದ್ದು ಶಾಲೆಯ ಎ ಡಿವಿಷನ್, ಬಿ ಡಿವಿಷನ್ ಮಾತ್ರ. ಹಾಗೆಯೇ ಹೇಳಿದೆ. ಬಾಯಿ ಮಿಷನ್ ನಿಲ್ಲಿಸಿ, ‘ಅಯ್ಯೋ, ಕ್ಲಾಸಿನ ಮಕ್ಕಳನ್ನು ಕಳಿಸಿದ್ರಾ?’ ಎಂದಳು. ಆಮೇಲೆ ಸೈನಿಕರ ಪ್ರಾಯ ಹದಿನೆಂಟು, ಹತ್ತೊಂಬತ್ತು ಎಂದು ಓದಿದಾಗ ಇಬ್ಬರಿಗೂ ನಗು ಬರಲಿಲ್ಲ.

ಹೀಗೆ ಶುರುವಾಯಿತು. ಹೆಂಚಿನ ಬಿಸಿ ತಲೆಗಿಳಿಯುತ್ತಿತ್ತು, ಹೊರಗೆ ಹೈವೇಯ ಲಾರಿಗಳು. ಒಳಗೆ ನಾನು ಸೈನಿಕರನ್ನು ಹೆಪ್ಪುಗಟ್ಟಿದ ನದಿ ದಾಟಿಸುತ್ತಿದ್ದೆ. ಸೇನಾಪತಿಗಳ ಲೆಕ್ಕಾಚಾರ ಬಾಯಿಗೆ ಬೇಡ. ‘ಅದು ಬಿಡು. ಅವರಿಗೆ ಬಾಯಾರಿಕೆ ಆಗ್ತದಾ? ಬೂಟ್ಸು ಒಣಗಿಸುದು ಎಲ್ಲಿ?’ ಆ ಪುಸ್ತಕ ಮುಗಿದಾಗ ಅದೇ ಲೇಖಕನ ಇನ್ನೊಂದನ್ನು ಮಂಗಳೂರಿನಿಂದ ತರಿಸಿದಳು. ಲಂಗದ ಅಂಚು ಮಡಚುತ್ತ ಅವಳು, ಪುಟ ಮಗುಚುತ್ತ ನಾನು. ಅಷ್ಟು ನೆಮ್ಮದಿಯ ಮಧ್ಯಾಹ್ನಗಳು ನನಗೆ ಮತ್ತೆ ಸಿಗಲಿಲ್ಲ.

ಎರಡನೇ ಪುಸ್ತಕದಲ್ಲಿ ಚಳಿಗೆ ಸಾಯುವವರ ಕೊನೆಯ ಗಳಿಗೆಯ ವಿಷಯ ಬಂತು. ಹಾರಿಸಿಬಿಡೋಣವೆಂದು ತಡವರಿಸಿದೆ.

‘ಎಂತ ಬರೆದಿದ್ದಾರೆ? ಇದ್ದದ್ದು ಇದ್ದ ಹಾಗೆ ಹೇಳು.’

‘ಕೊನೆಗೆ ಕೆಲವರಿಗೆ ಚಳಿಯೇ ಗೊತ್ತಾಗುದಿಲ್ಲವಂತೆ ಬಾಯಿ. ಮೈಯೆಲ್ಲ ಬೆಚ್ಚಗಾಗ್ತದಂತೆ. ಸೆಕೆ ಅಂತ ಅಂಗಿಯ ಬಟನ್ ಬಿಚ್ತಾರಂತೆ.’

ಮಿಷನ್ನಿನ ಚಕ್ರದ ಮೇಲೆ ಅವಳ ಕೈ ಹಾಗೇ ನಿಂತಿತು.

‘ಇನ್ನೊಮ್ಮೆ ಓದು.’

ಓದಿದೆ. ಬಾಯಿ ಹೊರಗಿನ ಬಿಸಿಲನ್ನು ನೋಡುತ್ತ ಕೂತಳು. ಆಮೇಲೆ ಮೆಲ್ಲಗೆ, ‘ಹಾಗಾದ್ರೆ ಇವರು ಊರಿಗೆ ಬಂದೆ ಅಂತ ಎಣಿಸಿರಬೇಕು’ ಎಂದಳು.

ಆ ಭಾನುವಾರವೇ ಪಾದ್ರಿಗಳ ಹತ್ತಿರ ಹೋಗಿ ಲಾರೆನ್ಸರ ಹೆಸರಲ್ಲಿ ಪೂಜೆಗೆ ಹೇಳಿ ಬಂದಳು. ಪೂಜೆಯ ದಿನ ಇಗರ್ಜಿಯಲ್ಲಿ ನಾನೂ ಕೂತಿದ್ದೆ. ಅವಳು ಅತ್ತದ್ದನ್ನು ಅವತ್ತೇ ಮೊದಲು ಕಂಡದ್ದು.

ನಾನು ಮದುವೆಯಾಗಿ ಮಂಜೇಶ್ವರಕ್ಕೆ ಬಂದೆ. ಬಾಯಿ ಮುಂಬಯಿಯಲ್ಲಿದ್ದ ತಂಗಿಯ ಮನೆಗೆ ಹೋದಳು, ಅಲ್ಲೇ ತೀರಿಕೊಂಡಳು. ಸುದ್ದಿ ನನಗೆ ತಲುಪುವಾಗ ಮಣ್ಣು ಮಾಡಿಯಾಗಿತ್ತು. ಯಾವ ಇಗರ್ಜಿಯ ಅಂಗಳದಲ್ಲೆಂದು ಹೇಳುವವರು ಯಾರೂ ಸಿಗಲಿಲ್ಲ.

ಮೊನ್ನೆ ಆ ಮೀನು ಮನೆಗೆ ಮುಟ್ಟಿಸಿ ನೇರ ಬಂದ್ಯೋಡಿನ ಬಸ್ಸು ಹತ್ತಿದೆ. ಹೈವೇ ಅಗಲವಾಗಿದೆ, ಅಂಗಡಿಗಳ ಸಾಲೇ ಇಲ್ಲ. ಆಚೆ ಈಚೆ ನಡೆದೆ, ಅಂದಾಜು ಸಿಗಲಿಲ್ಲ. ರಿಕ್ಷಾದವರೊಬ್ಬರು ಕೇಳಿದರು, ‘ಎಂತ ಹುಡುಕುದು ನೀವು?’

‘ಸಿಸಿಲಿ ಬಾಯಿಯ ಹೊಲಿಗೆ ಅಂಗಡಿ ಇತ್ತಲ್ಲ, ಎಲ್ಲಿ ಬರ್ತದೆ ಅದು?’

‘ಇಲ್ಲೇ ಎಲ್ಲೋ. ರಸ್ತೆಯ ಅಡಿಗೆ ಹೋಯ್ತು.’

ಇಲ್ಲೇ ಎಲ್ಲೋ. ಇಷ್ಟೇ ಮಾತನ್ನು ಇಟ್ಟುಕೊಂಡು ಬಾಯಿ ಅಷ್ಟು ವರ್ಷ ಹೇಗೆ ಬದುಕಿದಳೆಂದು ಅಲ್ಲಿ ನಿಂತಾಗ ನನಗೆ ತಿಳಿಯಿತು. ಮಂಜೇಶ್ವರದ ಬಸ್ಸು ಬಂತು. ಕಂಡಕ್ಟರ್ ಕರೆದ. ನಾನು ಹತ್ತಲಿಲ್ಲ.