ಗಾಯವಿಲ್ಲದವರಿಗೆ ಕೋಡ್ ಇಲ್ಲ

ಚೆನ್ನೈನ ವೇಲಚೇರಿಯ ರೈಲು ನಿಲ್ದಾಣವನ್ನು ಇನ್ನೂ ಕಟ್ಟುತ್ತಿದ್ದ ಕಾಲ. ನಾನು ಅಲ್ಲಿಯೇ ಒಂದು ಮೆಡಿಕಲ್ ಕೋಡಿಂಗ್ ಆಫೀಸಿನಲ್ಲಿ ಕೆಲಸಕ್ಕಿದ್ದೆ. ಏನು ಕೆಲಸ ಎಂದು ಮೈಸೂರಿನ ನೆಂಟರಿಗೆ ವಿವರಿಸಿ ವಿವರಿಸಿ ಸಾಕಾಗಿತ್ತು. ಅಮೆರಿಕದ ಡಾಕ್ಟರು ರೋಗಿಯ ಬಗ್ಗೆ ಬರೆದದ್ದನ್ನು ನಾವು ಇಲ್ಲಿ ಓದಿ, ಪ್ರತಿ ಕಾಯಿಲೆಗೂ ಗಾಯಕ್ಕೂ ಪುಸ್ತಕ ನೋಡಿ ಒಂದು ಕೋಡ್ ಹಾಕಬೇಕು. ಅದನ್ನು ನೋಡಿ ಅಲ್ಲಿನ ವಿಮೆಯವರು ಬಿಲ್ ತೀರಿಸುತ್ತಾರೆ. ಗಾಯ ಯಾವುದು ಎನ್ನುವುದಕ್ಕೆ ಒಂದು ಕೋಡ್, ಅದು ಹೇಗಾಯಿತು ಎನ್ನುವುದಕ್ಕೆ ಇನ್ನೊಂದು. ಏಣಿಯಿಂದ ಬಿದ್ದರೆ ಬೇರೆ, ಮಂಚದಿಂದ ಬಿದ್ದರೆ ಬೇರೆ. “ಬಿದ್ದಿದ್ದು ಬಿದ್ದಿದ್ದೇ ಅಲ್ವೇನೇ?” ಎಂದು ನಮ್ಮತ್ತೆ ಕೇಳುತ್ತಿದ್ದರು.

ಆ ಪುಸ್ತಕಕ್ಕೆ ಭಯೋತ್ಪಾದನೆಯ ಕೋಡ್‌ಗಳು ಹೊಸದಾಗಿ ಸೇರಿದ್ದವು. ಓದಿದಷ್ಟೂ ತಲೆ ಕೆಡುತ್ತಿತ್ತು. ಬಾಂಬು ಸಿಡಿದು ಕೈ ಮುರಿದಿದ್ದರೂ ಅದು ಭಯೋತ್ಪಾದನೆ ಎಂದು ಅಲ್ಲಿನ ಸರ್ಕಾರ ಹೇಳುವ ತನಕ ನಾವು ಆ ಕೋಡ್ ಹಾಕುವಂತಿಲ್ಲ. ಬರೀ ಅನುಮಾನವಿದ್ದರೆ ಹಲ್ಲೆಯ ಕೋಡ್ ಹಾಕಬೇಕು. ಘಟನೆಯಲ್ಲಿ ಆದದ್ದಕ್ಕೆ ಒಂದು ಕೋಡ್, ಆಮೇಲೆ ಅದರಿಂದ ಹುಟ್ಟಿಕೊಂಡದ್ದಕ್ಕೆ ಮತ್ತೊಂದು. ಹಾಗಾದರೆ ಗಾಬರಿಯಿಂದ ಓಡುವಾಗ ಬಿದ್ದು ಕಾಲು ಮುರಿದುಕೊಂಡವನು ಯಾವ ಲೆಕ್ಕ? ಊಟದ ಹೊತ್ತಿನಲ್ಲಿ ಮೊಸರನ್ನ ಮುಂದಿಟ್ಟುಕೊಂಡು ನಾವು ಹೆಂಗಸರು ಇದನ್ನು ವಾದಿಸುತ್ತಿದ್ದೆವು. ಯಾರ ಕಾಲೋ ಏನೋ, ಅನ್ನವಂತೂ ಆರಿಹೋಗುತ್ತಿತ್ತು.

ನಮಗೆ ಪಾಠ ಹೇಳುತ್ತಿದ್ದ ಟ್ರೈನರ್ ಫಿಸಿಯೋಥೆರಪಿ ಓದಿದ್ದ ತಮಿಳರು. ಅವರ ಬಾಯಲ್ಲಿ ಸದಾ ಒಂದೇ ಮಂತ್ರ: “ಡಾಕ್ಟರ್ ಎಳುದಲೆನ್ನಾ, ನಡಕ್ಕಲೆ.” ಡಾಕ್ಟರು ಬರೆದಿಲ್ಲ ಎಂದರೆ ಅದು ನಡೆದೇ ಇಲ್ಲ. ಅಂಗೈ ಹುಣ್ಣಿಗೆ ಕನ್ನಡಿ ಬೇಕೆ ಎನ್ನುತ್ತಾರಲ್ಲ, ನಮ್ಮ ಆಫೀಸಿನಲ್ಲಿ ಬೇಕಾಗಿತ್ತು. ಕನ್ನಡಿಯ ಕೆಳಗೆ ಡಾಕ್ಟರ ಸಹಿಯೂ ಬೇಕಾಗಿತ್ತು. ಎಲ್ಲಕ್ಕಿಂತ ವಿಚಿತ್ರವೆಂದರೆ, ಕಾರಣದ ಕೋಡ್ ಒಂಟಿಯಾಗಿ ನಿಲ್ಲುವುದಿಲ್ಲ. ಮೊದಲು ಒಂದು ಗಾಯವೋ ಕಾಯಿಲೆಯೋ ಇರಬೇಕು, ಅದರ ಹಿಂದೆ ಇದು ಬರಬೇಕು.

ಇದನ್ನೆಲ್ಲ ಹೇಳುತ್ತಿರುವುದು ನನ್ನ ಗಂಡನ ದೆಸೆಯಿಂದ. ಇವರು ಯಂತ್ರದ ಬಿಡಿಭಾಗ ಮಾರುವ ಕಂಪನಿಯಲ್ಲಿದ್ದರು, ತಿಂಗಳಿಗೊಮ್ಮೆ ಉತ್ತರದ ಕಡೆ ಟೂರ್. ಚೌಕಾಸಿಯಲ್ಲಿ ಇವರನ್ನು ಮೀರಿಸುವವರಿರಲಿಲ್ಲ. ಕೊತ್ತಂಬರಿ ಸೊಪ್ಪಿಗೂ ಚೌಕಾಸಿ, ದೇವಸ್ಥಾನದ ಮುಂದಿನ ಹೂವಿಗೂ ಚೌಕಾಸಿ. ಟಿ. ನಗರದಲ್ಲಿ ಒಂದು ಟವೆಲ್ಲಿಗಾಗಿ ಇವರು ಅಂಗಡಿ ಬಿಟ್ಟು ಎದ್ದು ಹೊರಡುತ್ತಿದ್ದರು. ಹಿಂದಿನಿಂದ ಅಂಗಡಿಯವನು “ವಾಂಗ ಸಾರ್, ವಾಂಗ”, ಬನ್ನಿ ಸಾರ್ ಬನ್ನಿ ಎಂದು ಕೂಗುತ್ತಿದ್ದ. ಆಗ ನನ್ನ ಕಡೆ ತಿರುಗಿ ಹುಬ್ಬು ಹಾರಿಸುವುದು. ಚೆನ್ನೈ ಆಟೋದವರ ಜೊತೆಯಂತೂ ಯುದ್ಧವೇ. ನಾನು ನಾಚಿಕೆಯಿಂದ ಬೇರೆ ಯಾರದೋ ಹೆಂಡತಿಯಂತೆ ದೂರ ನಿಲ್ಲುತ್ತಿದ್ದೆ.

ಒಂದು ಸಂಜೆ, ಇವರು ಟೂರಿಗೆ ಹೋಗಿದ್ದ ಊರಿನ ಬಜಾರಿನಲ್ಲಿ ಬಾಂಬು ಸಿಡಿಯಿತು ಎಂದು ಟಿವಿಯಲ್ಲಿ ಬಂತು. ಫೋನ್ ಸಿಗಲಿಲ್ಲ. ಕೊನೆಗೆ ಇವರೇ ಯಾವುದೋ ಬೂತಿನಿಂದ ಮಾಡಿ, “ಅಲ್ಲೇ ಇದ್ದೆ, ಏನೂ ಆಗ್ಲಿಲ್ಲ, ಬರ್ತೀನಿ” ಎಂದಾಗ ಹೋದ ಜೀವ ಬಂತು. ಮನೆಗೆ ಬಂದವರ ಮೈಮೇಲೆ ಒಂದು ತರಚು ಗಾಯವೂ ಇರಲಿಲ್ಲ. ಕೆಳಗಿನ ಮನೆಯ ಮಾಮಿ, ಮೂರು ತಲೆಮಾರಿನಿಂದ ಮದ್ರಾಸಿನಲ್ಲೇ ಇದ್ದು ಕನ್ನಡಕ್ಕೆ ತಮಿಳು ಬೆರೆಸುವ ಅಯ್ಯಂಗಾರರು, ಏದುಸಿರು ಬಿಡುತ್ತಾ ಹತ್ತಿ ಬಂದರು. “ಒಂದೂ ಆಗಲಿಲ್ಲೆ ತಾನೇ? ಪೆರುಮಾಳು ಕಾಪಾತಿಬಿಟ್ಟ. ಕೋವಿಲಿನಲ್ಲಿ ಒಂದು ಅರ್ಚನೈ ಮಾಡಿಸಿಬಿಡಿ, ಶರಿಯಾ?” ನಮ್ಮತ್ತೆ ಫೋನಿನಲ್ಲಿ, “ಏನೂ ಆಗ್ಲಿಲ್ಲ ತಾನೇ, ಮಗಾ?” ನಾನೂ ಅದನ್ನೇ ಕೇಳಿದೆ. ಎಲ್ಲರಿಗೂ ಇವರದು ಒಂದೇ ಉತ್ತರ: “ಏನೂ ಇಲ್ಲ.”

ಆಮೇಲೆ ಇವರು ಚೌಕಾಸಿ ಬಿಟ್ಟರು.

ಮೊದಲು ನನಗೆ ಗೊತ್ತಾದದ್ದು ಟಿ. ನಗರದ ಬಸ್ ಸ್ಟ್ಯಾಂಡಿನ ಎದುರು. ಆಟೋದವನು ಬಾಯಿಗೆ ಬಂದ ರೇಟು ಹೇಳಿದ. ಇವರು ಸುಮ್ಮನೆ ಹತ್ತಿ ಕುಳಿತರು. ಜಗಳಕ್ಕೆ ಸಿದ್ಧನಾಗಿ ನಿಂತಿದ್ದ ಡ್ರೈವರೇ ಗಲಿಬಿಲಿಗೊಂಡು ಕನ್ನಡಿಯಲ್ಲಿ ಇವರ ಮುಖ ನೋಡಿದ. “ಏನ್ರೀ ಇದು, ಹಗಲು ದರೋಡೆ!” ಎಂದು ನಾನು ಸಿಡುಕಿದೆ. “ಕೇಳಿದ್ದು ಕೊಟ್ಬಿಡೋಣ ಬಿಡು” ಎಂದರು. ಹಣ್ಣಿನವಳು ಹೇಳಿದ್ದನ್ನು ಕೊಡುವುದು, ಬಟ್ಟೆ ಅಂಗಡಿಯಲ್ಲಿ ಮೊದಲು ತೋರಿಸಿದ್ದನ್ನೇ ಕಟ್ಟಿಸಿಕೊಳ್ಳುವುದು. ಮಾಮಿಗೆ ಬಹಳ ಸಂತೋಷ: “ಈಗ ತಾನ್ ದೊಡ್ಡ ಮನುಷ್ಯ ಆದ್ರು ನಿಮ್ಮವರು.” ನನಗೆ ಮೈ ಉರಿಯುತ್ತಿತ್ತು. ಆ ದೊಡ್ಡ ಮನುಷ್ಯನನ್ನು ಕಟ್ಟಿಕೊಂಡು ನಾನೇನು ಮಾಡಲಿ? ನನಗೆ ನನ್ನ ಜಿಪುಣ ಗಂಡನೇ ವಾಪಸ್ ಬೇಕಾಗಿತ್ತು. ಒಂದು ದಿನ ಮಗಳು ಕನ್ನಡ ಬಿಟ್ಟು ತಮಿಳಿನಲ್ಲೇ ಕೇಳಿದಳು, “ಅಮ್ಮಾ, ಅಪ್ಪಾಕ್ಕು ಎನ್ನ ಆಚ್ಚು?” ಅಪ್ಪನಿಗೆ ಏನಾಯಿತು ಎಂದು. “ಏನೂ ಆಗಿಲ್ಲ, ಹೋಂವರ್ಕ್ ಮಾಡು ಹೋಗು” ಎಂದು ಗದರಿದೆ.

ಆದರೆ ಮನಸ್ಸು ಬಿಡಬೇಕಲ್ಲ. ಕೋಡ್ ಪುಸ್ತಕ ಮುಂದಿಟ್ಟುಕೊಂಡು ಅದರಲ್ಲಿ ಇವರನ್ನು ಹುಡುಕತೊಡಗಿದೆ. ಕೆಟ್ಟ ಕನಸೇ? ಇಲ್ಲ, ಗೊರಕೆ ಹೊಡೆದು ಮಲಗುತ್ತಿದ್ದರು. ಊಟ ಕಡಿಮೆಯೇ? ಇಲ್ಲ. ಜನಜಂಗುಳಿಯ ಭಯವೇ? ಹಬ್ಬದ ಮುಂಚಿನ ಟಿ. ನಗರದಲ್ಲೂ ಆರಾಮವಾಗಿ ಓಡಾಡುತ್ತಿದ್ದರು. ಚೌಕಾಸಿ ನಿಂತುಹೋಗುವುದಕ್ಕೆ ಯಾವ ದೇಶದ ಪುಸ್ತಕದಲ್ಲೂ ಕೋಡ್ ಇಲ್ಲ. ಗಾಯವೇ ಇಲ್ಲದ ಮೇಲೆ ಕಾರಣವನ್ನು ಯಾವುದರ ಹಿಂದೆ ನಿಲ್ಲಿಸಲಿ? ಡಾಕ್ಟರ ಹತ್ತಿರ ಹೋಗೋಣ ಎಂದರೆ ನಕ್ಕುಬಿಟ್ಟರು. “ದುಡ್ಡು ಕೊಟ್ಟಿದ್ದಕ್ಕೆ ನನ್ನ ಕೀಲ್ಪಾಕ್‌ಗೆ ಸೇರಿಸ್ತೀಯೇನೇ?” ಕೀಲ್ಪಾಕ್ ಎಂದರೆ ಚೆನ್ನೈನವರಿಗೆ ಹುಚ್ಚಾಸ್ಪತ್ರೆಯ ತಮಾಷೆ. ನಾನೂ ನಕ್ಕೆ. ಇವರಿಗೆ ನಿಜವಾಗಿ ಏನಾದರೂ ಆಗಿದೆಯೋ, ಎಲ್ಲ ನನ್ನ ಭ್ರಮೆಯೋ ತಿಳಿಯಲಿಲ್ಲ. ಹೆದರಿಕೆ ಮಾತ್ರ ನಿಜವಾಗಿತ್ತು.

ಅದೇ ವಾರ ಆಫೀಸಿನಲ್ಲಿ ಒಬ್ಬ ರೋಗಿಯ ಕಾಗದ ಬಂತು. ಕಿವಿ ಕೇಳುತ್ತಿಲ್ಲ ಎಂದು ಬರೆದಿತ್ತು, ಕಾರಣ ಬರೆದಿರಲಿಲ್ಲ. ಅಂಥಾದ್ದಕ್ಕೆ ನಾವು ಡಾಕ್ಟರಿಗೆ ಒಂದು ಪ್ರಶ್ನೆ ಕಳಿಸಬಹುದಿತ್ತು. “ಇದು ಸ್ಫೋಟದಿಂದ ಆದದ್ದೇ?” ಎಂದು ಬರೆದೆ. ಟ್ರೈನರ್ ಅದನ್ನು ವಾಪಸ್ ತಂದು ನನ್ನ ಮೇಜಿನ ಮೇಲಿಟ್ಟರು. ಉತ್ತರವನ್ನು ನೀನೇ ಪ್ರಶ್ನೆಯೊಳಗೆ ತುರುಕಿಬಿಟ್ಟರೆ ಡಾಕ್ಟರು ಹೌದು, ಇಲ್ಲ ಎಂದು ಸಾಗಹಾಕುತ್ತಾರೆ. ಏನಾಯಿತು ಎಂದಷ್ಟೇ ಕೇಳಬೇಕು, ಬಾಯಿ ಮುಚ್ಚಿಕೊಂಡು ಕಾಯಬೇಕು ಎಂದರು. ಎಲ್ಲರೆದುರು ಹೇಳಿದ್ದಕ್ಕೆ ಸಿಟ್ಟು ಬಂತು. ಪ್ರಶ್ನೆಯನ್ನು ತಿದ್ದಿ ಬರೆಯುವಾಗ ಪೆನ್ನು ತಾನಾಗಿಯೇ ನಿಂತಿತು. ಮನೆಯಲ್ಲಿ ನಾವೆಲ್ಲ ಇವರನ್ನು ಕೇಳಿದ್ದು ಏನು? ಏನೂ ಆಗಲಿಲ್ಲ ತಾನೇ, ಎಂದಲ್ಲವೇ?

ಭಾನುವಾರ ಸಂಜೆ ಸೊಪ್ಪು ತರಲು ಇಬ್ಬರೂ ಹೋಗಿದ್ದೆವು. ಸೊಪ್ಪಿನಾಕೆ ಕೇಳಿದ್ದನ್ನು ಕೊಟ್ಟು ಇವರು ಚೀಲ ಎತ್ತಿಕೊಂಡರು. ಮನೆ ಕಡೆ ನಾಲ್ಕು ಹೆಜ್ಜೆ ಬಂದ ಮೇಲೆ ಕೇಳಿದೆ, “ರೀ, ಅವತ್ತು ಬಜಾರಲ್ಲಿ ಏನಾಯ್ತು?” ಮುಂದೆ ಒಂದು ಮಾತೂ ಸೇರಿಸಲಿಲ್ಲ. ನನ್ನ ಬಾಯಿಗೆ ಅದು ಸುಲಭದ ಕೆಲಸವಲ್ಲ.

ಚೀಲವನ್ನು ಈ ಕೈಯಿಂದ ಆ ಕೈಗೆ ದಾಟಿಸಿಕೊಂಡರು. ಆಮೇಲೆ ಹೇಳಿದರು:

“ಒಂದು ಚಾದರ ಕೇಳ್ದೆ. ಮುದುಕಪ್ಪ ಅಂಗಡಿಯೋನು. ರೇಟು ಕುದುರ್ಲಿಲ್ಲ ಅಂತ ಎದ್ದು ಹೊರಟೆ, ಯಾವಾಗ್ಲೂ ಹೊರಡ್ತೀನಲ್ಲ ಹಂಗೆ. ಹಿಂದಿಂದ ಕರೆದ, ಬನ್ನಿ ನೀವು ಹೇಳಿದ ರೇಟಿಗೇ ಕೊಡ್ತೀನಿ ಅಂತ. ಇನ್ನೊಂದ್ ಸ್ವಲ್ಪ ಇಳಿಸ್ತಾನೆ ಅಂತ ತಿರುಗ್ಲಿಲ್ಲ. ಇನ್ನೊಂದ್ ಸಲ ಕರೆದ. ಸಂದಿ ತಿರುಗ್ದೆ, ಅಷ್ಟರಲ್ಲಿ ಆ ಸದ್ದು. ಆಮೇಲೂ ತಿರುಗಿ ನೋಡ್ಲಿಲ್ಲ ಕಣೇ, ಓಡ್ದೆ. ಅವ್ನು ಒಳಗೇ ಇದ್ನೋ, ಚಾದರ ಹಿಡ್ಕೊಂಡು ನನ್ನ ಹಿಂದೆ ಬರ್ತಿದ್ನೋ, ಗೊತ್ತಿಲ್ಲ.”

“ಸದ್ಯ, ನಿಮಗೇನೂ ಆಗ್ಲಿಲ್ಲವಲ್ಲ” ಎಂಬ ಮಾತು ನಾಲಿಗೆಯ ತುದಿಗೆ ಬಂದಿತ್ತು. ನುಂಗಿಕೊಂಡೆ. ಚೌಕಾಸಿ ಮಾಡಿದ್ದರಿಂದ ಇವರು ಉಳಿದರು, ಅದು ನಿಜ. ಆ ಮುದುಕ ಉಳಿದನೋ ಇಲ್ಲವೋ, ಅದನ್ನು ಬರೆದು ತಿಳಿಸುವ ಡಾಕ್ಟರು ಯಾರೂ ಇರಲಿಲ್ಲ. ಇವರನ್ನು ಸಮಾಧಾನ ಮಾಡಬೇಕೋ, ಬೈಯಬೇಕೋ, ದೇವರಿಗೆ ಕೈ ಮುಗಿಯಬೇಕೋ ನನಗೆ ಒಂದೂ ತೋಚಲಿಲ್ಲ. ಸೊಪ್ಪಿನ ಚೀಲವನ್ನು ಇವರ ಕೈಯಿಂದ ತೆಗೆದುಕೊಂಡೆ.

“ಯಾವ ಬಣ್ಣದ ಚಾದರ?” ಎಂದು ಕೇಳಿದೆ.

“ನೀಲಿ” ಎಂದವರೇ ರಸ್ತೆಯಲ್ಲಿ ನಿಂತು ಅತ್ತುಬಿಟ್ಟರು.